ಗವಸಿನ ಒಳಮೈ

ಕೆಲಸ ಸುಲಭ ಅಂದಿದ್ದರು. ಹಳೆಯ ಗಾದಿಗಳ ಹತ್ತೊಂಬತ್ತು ಗವಸು. ಒಳಗಿನ ಹತ್ತಿ ಆಗಲೇ ತೆಗೆದಾಗಿತ್ತು, ಬರೀ ಬಟ್ಟೆ. ಅವನ್ನು ಒಂದೊಂದಾಗಿ ಮರದ ಚೌಕಟ್ಟಿಗೆ ಬಿಗಿದು ಹೊಲಿಯಬೇಕು. ಜೋರಾಗಿ ಎಳೆದರೆ ಹರಿಯುತ್ತದೆ, ಎಳೆಯದಿದ್ದರೆ ಜೋಲು ಬೀಳುತ್ತದೆ. ಮೊದಲು ಬಂದ ದರ್ಜಿ ಒಂದು ದಿನ ಕೂತು, ಒಂದು ಮೂಲೆ ಹರಿದು, ಇದು ನಮ್ಮಪ್ಪನ ಕೈಲೂ ಆಗಲ್ಲ ಅಂತ ಹೊರಟುಹೋಗಿದ್ದ. ಆಮೇಲೆ ಯಾರೋ ದಬ್ಬಳಕ್ಕನ ಹೆಸರು ಹೇಳಿದರು.

ದಬ್ಬಳ ಅಂದರೆ ಗೋಣಿಚೀಲ, ಗಾದಿ ಹೊಲಿಯುವ ದಪ್ಪ ಸೂಜಿ. ಆ ಅಡ್ಡಹೆಸರು ಅವಳಿಗೆ ಕೆಲಸದಿಂದ ಬಿತ್ತೋ ನಾಲಿಗೆಯಿಂದ ಬಿತ್ತೋ ಅಂತ ಅವಳ ಓಣಿಯಲ್ಲಿ ಒಂದು ಕಾಲಕ್ಕೆ ವಾದವೇ ಇತ್ತು. ಈಗ ಓಣಿಯೂ ಇಲ್ಲ, ವಾದವೂ ಇಲ್ಲ.

ಕೆಲಸದ ಜಾಗ ಒಂದು ಹಳೆಯ ಗೋದಾಮು. ಗೋಡೆಗೆಲ್ಲ ಸುಣ್ಣದಂಥ ಬಿಳಿ ಬಣ್ಣ ಬಳಿದಿದ್ದರು. ಮೇಲೆ ಫ್ಯಾನು. ಗಾದಿ ಕೆಲಸದವರಿಗೆ ಫ್ಯಾನು ಅಂದರೆ ಶತ್ರು, ಹತ್ತಿ ಹಾರಿ ಮೂಗಿಗೆ ಹೋಗುತ್ತದೆ. ಇಲ್ಲಿ ಹತ್ತಿಯೇ ಇರಲಿಲ್ಲ. ಹದಿನೆಂಟು ವರ್ಷದ ಕೆಲಸದಲ್ಲಿ ಅವಳು ಗಾಳಿ ಹಾಕಿಕೊಂಡು ಹೊಲಿದದ್ದು ಇದೇ ಮೊದಲು.

ಕೆಲಸ ಕೊಟ್ಟ ಕಲಾವಿದೆ ಒಳ್ಳೆಯ ಹೆಂಗಸು. ಮೊದಲ ದಿನವೇ ‘ನೀವು’ ಅಂದರು. ತಾವು ಕುಡಿಯುವ ಲೋಟದಂಥದ್ದೇ ಲೋಟದಲ್ಲಿ ಚಹಾ ಕೊಟ್ಟರು. ಕುರ್ಚಿ ತಂದು ಹಾಕಿದರು.

“ಬೇಡ ಮೇಡಂ. ಕುರ್ಚಿ ಮೇಲೆ ಕೂತು ಗಾದಿ ಹೊಲಿದ್ರೆ ಸೊಂಟ ಕೇಳುತ್ತೆ, ಯಾವ ಜನ್ಮದ ಸೇಡು ಅಂತ” ಅಂದಳು ದಬ್ಬಳಕ್ಕ. ನೆಲಕ್ಕೆ ಕೂತಳು. ಕಲಾವಿದೆ ನಕ್ಕು ಆ ಮಾತನ್ನು ಒಂದು ಪುಸ್ತಕದಲ್ಲಿ ಬರೆದುಕೊಂಡರು.

ಮೊದಲ ಗವಸಿಗೆ ಅರ್ಧ ದಿನ ಹಿಡಿಯಿತು. ಬಿಗಿದು, ಹೊಲಿದು, ಹುರಿ ಕತ್ತರಿಸಿ ಅವಳು ಎದ್ದು ನಿಂತಾಗ ಕಲಾವಿದೆ ಬಂದು ನೋಡಿ ಹಣೆ ಹಿಡಿದುಕೊಂಡರು.

“ಅಯ್ಯೋ, ಹಿಂದುಮುಂದು ಹಾಕಿದೀರಲ್ಲ! ಕಲೆ ಇರೋ ಕಡೆ ಮುಂದೆ ಬರಬೇಕು.”

ದಬ್ಬಳಕ್ಕ ತಿರುಗಿ ನೋಡಿದಳು. ಹೌದು. ಕಲೆಯ ಮೈ ಗೋಡೆಗೆ, ಚೊಕ್ಕ ಮೈ ಜನಕ್ಕೆ. ಕೈ ತಾನಾಗಿಯೇ ಹಾಗೆ ಹಾಕಿತ್ತು. ಗಾದಿ ಹೊಲಿಯುವ ಯಾರೇ ಆಗಲಿ ಹಾಗೆಯೇ ಹಾಕುತ್ತಾರೆ. ಕೊಳೆಯನ್ನು ಹೊರಗೆ ತಿರುಗಿಸಿ ಹೊಲಿಯಿರಿ ಅಂದ ಗಿರಾಕಿ ಈವರೆಗೆ ಹುಟ್ಟಿರಲಿಲ್ಲ.

ಮೂಲೆಯಲ್ಲಿ ಚೌಕಟ್ಟು ಮಾಡುತ್ತಿದ್ದ ಮುದಿ ಬಡಗಿ ಬಾಯಲ್ಲಿ ಮೊಳೆ ಕಚ್ಚಿಕೊಂಡೇ ನಕ್ಕ. “ನಮ್ಮ ಮನೇಲಿ ಕಲೆ ಕಂಡ್ರೆ ಹೆಂಡತಿ ಬೈತಾಳೆ. ಇಲ್ಲಿ ಚೌಕಟ್ಟು ಹಾಕಿ ತೂಗು ಹಾಕ್ತಾರೆ. ಕಾಲ ಮುಂದೆ ಹೋಗಿದೆ, ಮಗಳೇ.”

ಅವಳು ಬಿಚ್ಚಿ ಮತ್ತೆ ಹೊಲಿದಳು. ಕಲೆ ಮುಂದೆ.

ಹೊಲಿದ ಗವಸಿನ ಮುಂದೆ ಕಲಾವಿದೆ ನೀಲಿ ಪೆನ್ಸಿಲ್ ಹಿಡಿದು ಕೂರುತ್ತಿದ್ದರು. ಪ್ರತಿ ಕಲೆಯ ಅಂಚಿಗೂ ಸಣ್ಣ ಗೆರೆ. ಬೆವರಿನ ಕಲೆ, ಎಣ್ಣೆ ತಲೆಯ ಕಲೆ, ರಕ್ತದ ಕಲೆ, ಮಗು ಉಚ್ಚೆ ಹೊಯ್ದ ಕಲೆ. ಗೆರೆ ಬಿದ್ದ ಮೇಲೆ ಅವು ದೇಶಗಳ ನಕ್ಷೆಯಂತೆ ಕಾಣುತ್ತಿದ್ದವು. ಒಳಗೆ ನದಿ ಬಿಡಿಸುತ್ತಿದ್ದರು. ಆ ಗೋದಾಮಿನಲ್ಲೇ ನಡೆಯಲಿದ್ದ ಪ್ರದರ್ಶನದ ಹೆಸರು ‘ಅನಾಮಿಕರ ದೇಶ’ ಅಂತೆ.

ಎರಡನೆಯ ದಿನ ಮೂರನೆಯ ಗವಸು ಮಡಿಲಿಗೆ ಬಂದಾಗ ಅವಳಿಗೆ ಗೊತ್ತಾಯಿತು. ಮೂಲೆಗೆ ಹಾಕಿದ ಹಸಿರು ತೇಪೆ ಅವಳೇ ಹಾಕಿದ್ದು. ಮೀನು ಮಾರುವವಳ ಗಾದಿ. ಮುಂದಿನದು ಸಾಣೆ ಹಿಡಿಯುವವನ ಮನೆಯದು. ಅದರ ಮುಂದಿನದು ಶಾಲೆಯ ಆಯಾಳದು. ಎಲ್ಲ ಓಣಿಯ ಗಾದಿಗಳೇ. ಓಣಿಯ ಗಾದಿಗಳೆಲ್ಲ ಅವಳ ಮತ್ತು ಅವಳ ಅಮ್ಮನ ಕೈಯವೇ.

ಓಣಿ ಹೋಗಿ ಎರಡು ವರ್ಷ. ರಸ್ತೆ ಅಗಲ ಮಾಡಲು ಒಂದು ಬೆಳಿಗ್ಗೆ ಯಂತ್ರಗಳು ಬಂದವು. ಜನ ಉಟ್ಟ ಬಟ್ಟೆಯಲ್ಲಿ ಹೊರಗೆ ಬಂದರು. ಸಾಮಾನುಗಳನ್ನು ಲಾರಿಗೆ ಎಸೆದು ನಗರಸಭೆ ಆಫೀಸಿನ ಹಿಂದಿನ ಅಂಗಳದಲ್ಲಿ ಸುರಿದರು. ಹದಿನೈದು ದಿನದೊಳಗೆ ವಿಳಾಸದ ಕಾಗದ ತೋರಿಸಿ ಒಯ್ಯಿರಿ ಅಂದರು. ದಬ್ಬಳಕ್ಕ ಕಾಗದ ಹಿಡಿದು ಹೋದಳು. ಗುಮಾಸ್ತ ಓದಿ ವಾಪಸು ಕೊಟ್ಟ. “ಈ ವಿಳಾಸವೇ ಈಗ ಇಲ್ಲವಲ್ಲಮ್ಮ. ಇಲ್ಲದ ವಿಳಾಸಕ್ಕೆ ಹೇಗೆ ಕೊಡಲಿ?” ಅವಳು ಏಳು ಸಲ ಹೋದಳು. ತಂತಿ ಬೇಲಿಯ ಆಚೆ ತಮ್ಮ ಮನೆಯ ಗಾದಿ ಬಿಸಿಲಿಗೆ ಬಿದ್ದದ್ದು ಕಾಣುತ್ತಿತ್ತು. ಹದಿನಾರನೆಯ ದಿನ ‘ವಾರಸುದಾರರಿಲ್ಲದ ಮಾಲು’ ಅಂತ ಬರೆದು ಎಲ್ಲವನ್ನೂ ಗುಜರಿಗೆ ಹಾಕಿದರು. ಹಾಸಿಗೆ ಇದ್ದಷ್ಟು ಕಾಲು ಚಾಚು ಅಂತಾರೆ. ಅವತ್ತಿನಿಂದ ಆ ಜನಕ್ಕೆ ಕಾಲು ಉಳಿಯಿತು, ಹಾಸಿಗೆ ಹೋಯಿತು.

ಗುಜರಿಯಲ್ಲಿ ಅವು ಕಲಾವಿದೆಗೆ ಸಿಕ್ಕಿದ್ದವು.

ಗೊತ್ತಾದ ಮೇಲೂ ದಬ್ಬಳಕ್ಕ ಬಾಯಿ ಬಿಡಲಿಲ್ಲ. ಕೆಲಸ ಚೆನ್ನಾಗಿತ್ತು. ನೆರಳಿತ್ತು. ನೀವು ಅನ್ನುತ್ತಿದ್ದರು. ಹಳೇ ಬಟ್ಟೆ ತಾನೆ, ಅಂದುಕೊಂಡಳು. ಮೀನು ಮಾರುವವಳ ಹೆರಿಗೆಯ ಕಲೆಯ ಸುತ್ತ ನೀಲಿ ಗೆರೆ ಬೀಳುವುದನ್ನು ನೋಡಿದಳು. ನೋಡಿ ಮುಂದಿನ ಗವಸಿಗೆ ಕೈ ಹಾಕಿದಳು. ನಾಲ್ಕು ದಿನದಲ್ಲಿ ಹನ್ನೆರಡು ಹೊಲಿದಳು. ಕೈ ಒಂದು ಸಲವೂ ನಡುಗಲಿಲ್ಲ. ಇದನ್ನೂ ಹೇಳಬೇಕು, ಮುಚ್ಚಿಡುವುದರಲ್ಲಿ ಅರ್ಥವಿಲ್ಲ.

ಐದನೆಯ ದಿನ ಹದಿಮೂರನೆಯದು ಬಂತು.

ಅಂಚಿಗೆ ಬೆರಳಿಟ್ಟ ಕೂಡಲೇ ಅವಳು ನಿಂತಳು. ಗಾದಿಯನ್ನು ಮನೆಯವರು ಐದಾರು ವರ್ಷಕ್ಕೊಮ್ಮೆ ಬಿಚ್ಚಿಸಿ ಹತ್ತಿ ಹಿಂಜಿಸುತ್ತಾರೆ. ಪ್ರತಿ ಸಲ ಬಿಚ್ಚಿ ಹೊಲಿದಾಗ ಬಾಯಿಯ ಅಂಚಿನಲ್ಲಿ ಒಂದು ಸಾಲು ಸೂಜಿತೂತು ಉಳಿಯುತ್ತದೆ. ಎರಡು ಸಾಲಿದ್ದರೆ ಹೆಚ್ಚು, ಮೂರಿದ್ದರೆ ಹೊಸ ಗವಸು ಹೊಲಿಸದ ಜಿಪುಣರ ಮನೆ. ಇದರಲ್ಲಿ ಒಂಬತ್ತು ಸಾಲು. ಒಂದರ ಪಕ್ಕ ಒಂದು, ಇರುವೆ ಸಾಲಿನ ಹಾಗೆ. ತನ್ನ ಗಾದಿಯನ್ನು ತಾನೇ ಬಿಚ್ಚಿ ತಾನೇ ಹೊಲಿಯಬಲ್ಲವರು ಮಾತ್ರ ಒಂಬತ್ತು ಸಲ ಬಿಚ್ಚುತ್ತಾರೆ. ಎಲ್ಲ ತೂತೂ ಎಡಕ್ಕೆ ವಾಲಿದ್ದವು. ಓಣಿಯಲ್ಲಿ ಎಡಗೈಲಿ ಹೊಲಿಯುತ್ತಿದ್ದವಳು ಒಬ್ಬಳೇ.

ಅಮ್ಮ.

ಗವಸನ್ನು ನೆಲಕ್ಕೆ ಹರಡಿದಳು. ನಡುವೆ ಕಲೆ. ಹಳದಿ, ಅದರ ಮೇಲೆ ಕಂದು, ಅದರ ಮೇಲೆ ಮತ್ತೆ ಹಳದಿ. ತಿರುಗಿಸಿದಳು. ಆ ಮೈಯಲ್ಲೂ ಅದೇ. ಒಳಮೈ ಹೊರಗೆ ಎಳೆದಳು. ಅಲ್ಲೂ ಅದೇ. ಒಂದು ಮೈ ಕೊಳೆಯಾದಾಗ ಇನ್ನೊಂದಕ್ಕೆ, ಅದೂ ಆದಾಗ ಒಳಗನ್ನು ಹೊರಗೆ ಮಾಡಿ, ಆಮೇಲೆ ಮತ್ತೆ ತಿರುಗಿಸಿ.

ಮೂವತ್ತು ವರ್ಷ ಹತ್ತಿ ಹಿಂಜಿದ ಎದೆ. ಅಮ್ಮ ಕೆಮ್ಮಲು ಶುರು ಮಾಡಿದರೆ ಓಣಿಯ ನಾಯಿ ಎದ್ದು ಕೂರುತ್ತಿತ್ತು. ಆ ಕೆಮ್ಮಿಗೆ ಹೊಟ್ಟೆಯೊಳಗಿನದೆಲ್ಲ ಅಲುಗಾಡಿ ಮೈ ತನ್ನ ಹಿಡಿತ ಬಿಡುತ್ತದೆ ಅಂತ ಮಗಳಿಗೆ ಗೊತ್ತಿರಲಿಲ್ಲ. ಮಗಳು ಮನೆಮನೆಗೆ ಕೆಲಸಕ್ಕೆ ಹೋದಾಗ ಅಮ್ಮ ಒಬ್ಬಳೇ ಕೂತು ತನ್ನ ಗಾದಿ ಬಿಚ್ಚುತ್ತಿದ್ದಳು. “ಗಂಟು ಕಟ್ಟಿದೆ ಕಣೇ, ಮಲಗಕ್ಕಾಗಲ್ಲ” ಅನ್ನುತ್ತಿದ್ದಳು. “ಊರಿನ ಗಾದಿ ಬಿಟ್ಟು ನಿನ್ನದೇ ಹಿಂಜ್ತಾ ಕೂರ್ತೀಯಲ್ಲ, ನಿನಗೇನು ರಾಣಿ ಮೈಯಾ?” ಅಂತ ದಬ್ಬಳಕ್ಕ ಬೈದಿದ್ದಳು. ಒಂದು ಸಲವಲ್ಲ.

ಒಂಬತ್ತು ಸಲ ಬಿಚ್ಚಿ ಒಂಬತ್ತು ಸಲ ಮುಚ್ಚಿದ್ದು ಈಗ ಬಿಳಿ ದೀಪದ ಕೆಳಗೆ ಬಿದ್ದಿತ್ತು. ಕಲಾವಿದೆ ಪೆನ್ಸಿಲ್ ಚೂಪು ಮಾಡುತ್ತ ಬಂದರು.

“ವ್ಹಾ! ಇದು ನಡುವಿನ ಗೋಡೆಗೆ. ಇಷ್ಟು ಪದರ ಯಾವುದರಲ್ಲೂ ಇಲ್ಲ.”

“ಇದು ಬೇಡ ಮೇಡಂ.”

“ಯಾಕೆ? ಹರೀತಿದೆಯಾ?”

“ಇದು ನಮ್ಮಮ್ಮನದು.”

ಕಲಾವಿದೆ ಪೆನ್ಸಿಲ್ ಕೆಳಗಿಟ್ಟರು. ಬಂದು ನೆಲಕ್ಕೇ ಕೂತರು. ಕಣ್ಣಲ್ಲಿ ನೀರು ಬಂದಿತ್ತು, ಅದು ನಾಟಕವಲ್ಲ. ದಬ್ಬಳಕ್ಕನ ಕೈ ಹಿಡಿದರು. “ಹೇಗೆ ಗೊತ್ತಾಯ್ತು? ನಿಧಾನಕ್ಕೆ ಹೇಳಿ.” ಫೋನನ್ನು ಪಕ್ಕದ ಸ್ಟೂಲಿನ ಮೇಲಿಟ್ಟರು.

ಅವಳು ಹೇಳಿದಳು. ತೂತಿನ ಸಾಲು ತೋರಿಸಿದಳು. ಎಡಗೈ ಹೊಲಿಗೆ ತೋರಿಸಿದಳು. “ಇದು ನಕ್ಷೆ ಅಲ್ಲ ಮೇಡಂ, ನದಿನೂ ಅಲ್ಲ. ಉಚ್ಚೆ. ಕೆಮ್ಮಿ ಕೆಮ್ಮಿ ಹೋದ ಉಚ್ಚೆ. ಹೆತ್ತ ಮಗಳಿಗೂ ಗೊತ್ತಾಗದ ಹಾಗೆ ಒಂಬತ್ತು ಸಲ ಮುಚ್ಚಿಟ್ಟಿದ್ದಾಳೆ. ನೀವು ಚೌಕಟ್ಟು ಹಾಕ್ತೀರಾ?” ಸಿಟ್ಟಿನಲ್ಲಿ ಬಂದ ಮಾತು. ಬಂದುಬಿಟ್ಟಿತು.

ಕಲಾವಿದೆ ಆ ಕಲೆಯನ್ನು ಇನ್ನೊಮ್ಮೆ ನೋಡಿದರು. ಆಮೇಲೆ ಮೆಲ್ಲಗೆ ಅಂದರು, “ಇದರಲ್ಲಿ ನಾಚಿಕೆ ಪಡೋದು ಏನಿದೆ? ನಾಚಿಕೆ ಪಡಬೇಕಾದವರು ನಾವು. ಅದಕ್ಕೇ ಇದನ್ನ ಜನ ನೋಡಬೇಕು.”

“ನಾಚಿಕೆ ಅವಳದು. ಬೇಕೋ ಬೇಡವೋ ಅವಳು ಹೇಳಬೇಕು.”

“ನಾನು ತರದೇ ಇದ್ದಿದ್ರೆ ಇದನ್ನ ಸುಟ್ಟು ಹಾಕ್ತಿದ್ರು, ಗೊತ್ತಾ?”

“ಸುಟ್ಟಿದ್ರೆ ಯಾರೂ ನೋಡ್ತಿರಲಿಲ್ಲ.”

“ಸರಿ. ವಾಪಸು ಕೊಡ್ತೀನಿ. ನಿಜವಾಗ್ಲೂ ಕೊಡ್ತೀನಿ.” ಕಲಾವಿದೆ ಎದ್ದು ಓಡಾಡತೊಡಗಿದರು. ಅವರ ತಲೆಯೊಳಗೆ ಏನೋ ಹತ್ತಿಕೊಂಡಿತ್ತು. “ಪ್ರದರ್ಶನದ ಕೊನೆ ದಿನ, ಎಲ್ಲರ ಮುಂದೆ ನಿಮ್ಮ ಅಮ್ಮನ ಕೈಗೇ ಕೊಡ್ತೀನಿ. ವಿಡಿಯೊ ಮಾಡೋಣ. ಆಮೇಲೆ ಆ ಜಾಗದಲ್ಲಿ ಖಾಲಿ ಚೌಕಟ್ಟು. ‘ಮನೆಗೆ ಮರಳಿದ್ದು’ ಅಂತ ಬರೆದು…”

ದಬ್ಬಳಕ್ಕ ಅವರ ಮುಖ ನೋಡಿದಳು. ತಾನು ಕೊಟ್ಟರೂ ಅದು ಅವರ ಪ್ರದರ್ಶನವಾಗುತ್ತದೆ, ಕಿತ್ತುಕೊಂಡರೂ ಅವರ ಪ್ರದರ್ಶನವಾಗುತ್ತದೆ. ಬೈದರೆ ಬರೆದುಕೊಳ್ಳುತ್ತಾರೆ. ಅತ್ತರೆ ಅದಕ್ಕೂ ಒಂದು ಗೋಡೆ ಹುಡುಕುತ್ತಾರೆ. ಗುಮಾಸ್ತನ ಹತ್ತಿರ ಜಗಳವಾದರೂ ಆಡಬಹುದಿತ್ತು.

“ಈಗ ಕೊಡಿ” ಅಂದಳು.

“ಈಗ ಹೇಗಾಗುತ್ತೆ? ನಾಲ್ಕು ದಿನಕ್ಕೆ ಆರಂಭ. ಕಾರ್ಡು ಹಂಚಾಗಿದೆ.” ಕಲಾವಿದೆಯ ದನಿ ಮೊದಲ ಸಲ ಗಟ್ಟಿಯಾಯಿತು. “ಮತ್ತೆ, ತಪ್ಪು ತಿಳಿಬೇಡಿ… ನಾನು ರಸೀದಿ ಕೊಟ್ಟು ತಂದಿರೋದು. ನಿಮ್ಮದು ಅನ್ನೋದಕ್ಕೆ ನಿಮ್ಮ ಹತ್ರ ಕಾಗದ ಏನಾದ್ರೂ ಇದೆಯಾ?”

ದಬ್ಬಳಕ್ಕ ಸೂಜಿ ಎತ್ತಿ ಸೂಜಿಡಬ್ಬಿಗೆ ಹಾಕಿದಳು. ಹುರಿ ಸುತ್ತಿದಳು. ಗವಸನ್ನು ಮಡಚಿ ಕಂಕುಳಿಗೆ ಇಟ್ಟುಕೊಂಡಳು. ಬಾಗಿಲಲ್ಲಿ ಕಾವಲಿನವನು ಅಡ್ಡ ಬಂದು, ತಲೆ ತಗ್ಗಿಸಿ ನಿಂತು, ಎರಡೂ ಕೈಯಲ್ಲಿ ಅದನ್ನು ಹಿಂದಕ್ಕೆ ತೆಗೆದುಕೊಂಡ. ಅವಳು ಬರಿಗೈಲಿ ಹೋದಳು. ಹಿಂದಿನಿಂದ ಕಲಾವಿದೆ ಕೂಗುತ್ತಿದ್ದರು, “ಚಹಾ ಆದ್ರೂ ಕುಡಿದು ಹೋಗಿ!”

ಅಮ್ಮ ಗೋಡೆಗೆ ಒರಗಿ ಕೂತಿದ್ದಳು. ಈಗಿನ ಮನೆ ಒಂದು ಕೋಣೆ, ತಗಡಿನ ಮಾಡು. ಕೆಳಗೆ ರಟ್ಟಿನ ಹಾಳೆ, ಅದರ ಮೇಲೆ ಕಂಬಳಿ. ಊರಿಗೆಲ್ಲ ಗಾದಿ ಹೊಲಿದವಳು ರಟ್ಟಿನ ಮೇಲೆ ಮಲಗುತ್ತಾಳೆ ಅಂತ ಯಾರಾದರೂ ಕನಿಕರ ತೋರಿಸಿದರೆ, “ರಟ್ಟು ಬಿಚ್ಚೋ ಹಾಗಿಲ್ಲ, ಹಿಂಜೋ ಹಾಗಿಲ್ಲ, ಇದೇ ಸುಖ” ಅನ್ನುತ್ತಿದ್ದಳು.

“ಇಷ್ಟು ಬೇಗ ಬಂದೆ? ಓಡಿಸಿದ್ರಾ?”

“ಇಲ್ಲ, ನಾನೇ ಬಂದೆ.”

“ನಾಲಿಗೆ ಬಿಟ್ಟಿರ್ತೀಯ.”

ದಬ್ಬಳಕ್ಕ ಹೇಳಿದಳು. ಓಣಿಯ ಗವಸುಗಳು, ಚೌಕಟ್ಟು, ನೀಲಿ ಗೆರೆ. ತೂತಿನ ಸಾಲಿನವರೆಗೆ ಬಂದು ನಿಂತಳು. ಅಮ್ಮ ಕಾಯಲಿಲ್ಲ.

“ನಮ್ಮದೂ ಅಲ್ಲಿದೆ.”

“ಇದೆ.”

“ಬಿಚ್ಚಿದ್ದಾರಾ?”

“ಬಿಚ್ಚಿದ್ದಾರೆ.”

“ಹತ್ತಿ ಏನು ಮಾಡಿದ್ರು?”

“ಎಸೆದಿದ್ದಾರೆ.”

“ಒಳ್ಳೇ ಹತ್ತಿ” ಅಂದಳು ಅಮ್ಮ. ಆಮೇಲೆ ಕಂಬಳಿಯ ನೂಲು ಕೀಳುತ್ತ ಕೂತಳು. ಕೆಮ್ಮು ಬಂತು. ಕೆಮ್ಮು ಮುಗಿಯುವವರೆಗೆ ಅವಳು ಮೊಣಕಾಲು ಜೋಡಿಸಿ, ಬಿಗಿಯಾಗಿ ಒತ್ತಿ ಹಿಡಿದಿದ್ದಳು. ಎಷ್ಟೋ ವರ್ಷದಿಂದ ಹಾಗೆಯೇ ಹಿಡಿಯುತ್ತಿದ್ದಳು. ಮಗಳು ಇವತ್ತು ನೋಡಿದಳು.

“ನೀನು ನೋಡಿದ್ಯಾ?”

“ನೋಡಿದೆ.”

“ಇನ್ನು ಯಾರ್ಯಾರು ನೋಡಿದ್ರು?”

“ಬಡಗಿ. ಕಾವಲಿನವನು. ಆ ಮೇಡಂ. ಶನಿವಾರದಿಂದ ಎಲ್ಲರೂ ನೋಡ್ತಾರೆ.”

ಅಮ್ಮನ ಮುಖ ಸುಟ್ಟ ಕಾಗದದ ಹಾಗೆ ಒಳಕ್ಕೆ ಮುದುಡಿತು. ಅಪ್ಪ ಸತ್ತಾಗಲೂ, ಮನೆ ಬಿದ್ದಾಗಲೂ ಮಗಳು ಆ ಮುಖ ಕಂಡಿರಲಿಲ್ಲ.

“ಮೂವತ್ತು ವರ್ಷ ಜನರ ಗಾದಿ ಬಿಚ್ಚಿದೀನಿ” ಅಂದಳು ಅಮ್ಮ. “ಯಾವ ಮನೆಯಲ್ಲಿ ಗಂಡ ಹೊಡೀತಾನೆ, ಯಾವ ಸೊಸೆಗೆ ಬಸಿರು ನಿಲ್ಲಲ್ಲ, ಯಾವ ದೊಡ್ಡ ಮನುಷ್ಯ ಹಾಸಿಗೇಲಿ ಉಚ್ಚೆ ಹೊಯ್ಕೊಳ್ತಾನೆ, ಎಲ್ಲಾ ಗೊತ್ತು. ಒಬ್ಬರ ಮುಂದೆ ಒಂದು ಮಾತು ಆಡಿಲ್ಲ. ನಿನ್ನ ಮುಂದೂ ಆಡಿಲ್ಲ. ಓದು ಬರಹ ಇಲ್ಲದ ನನಗೆ ಅಷ್ಟು ಗೊತ್ತಿತ್ತು.”

“ಅದಕ್ಕೇ ಕೆಲಸ ಬಿಟ್ಟು ಬಂದೆ.”

“ಎಷ್ಟು ಹೊಲಿದ ಮೇಲೆ ಬಿಟ್ಟೆ?”

ದಬ್ಬಳಕ್ಕ ಕೆಳಗಿನ ರಟ್ಟಿನ ಅಂಚು ಸರಿಮಾಡಿದಳು.

“ಎಷ್ಟು?”

“ಹನ್ನೆರಡು.”

“ಯಾರದು ಅಂತ ಗೊತ್ತಿತ್ತಾ?”

“ಗೊತ್ತಿತ್ತು.”

“ಅವರೇನು ಅಮ್ಮಂದಿರಲ್ವಾ? ಆಕಾಶದಿಂದ ಉದುರಿದ್ರಾ?” ಅಮ್ಮ ಕೈಗೆ ಸಿಕ್ಕ ಲೋಟ ಎಸೆದಳು. ಅದು ತಗಡಿಗೆ ಬಡಿದು ನೆಲಕ್ಕೆ ಬಿತ್ತು. “ನಂದೊಂದೇ ತರಬೇಡ. ತಂದ್ರೆ ಮನೆಯೊಳಗೆ ಸೇರಿಸಲ್ಲ. ಹೋಗಿ ಎಲ್ಲರನ್ನೂ ಕೇಳು.”

“ಸಿಗದೇ ಹೋದವರನ್ನ ಎಲ್ಲಿ ಹುಡುಕಲಿ?”

“ಕೇಳದೆ ತೋರಿಸೋದಕ್ಕಿಂತ ಕೇಳದೆ ಮುಚ್ಚೋದು ವಾಸಿ. ಹೋಗು.”

ಮೂರು ದಿನ ಅವಳು ನಡೆದಳು. ಓಣಿಯ ಜನ ಊರಿನ ನಾಲ್ಕು ಮೂಲೆಗೆ ಚೆಲ್ಲಿಹೋಗಿದ್ದರು. ಒಬ್ಬರು ಸೇತುವೆಯ ಕೆಳಗೆ, ಒಬ್ಬರು ತಂಗಿಯ ಅಡುಗೆಮನೆಯಲ್ಲಿ, ಒಬ್ಬರು ಕಟ್ಟುತ್ತಿರುವ ಕಟ್ಟಡದ ಮೂರನೇ ಮಹಡಿಯಲ್ಲಿ. ಹನ್ನೊಂದು ಮನೆಯವರು ಸಿಕ್ಕರು. ಏಳು ಮನೆಯವರ ಸುಳಿವೇ ಇರಲಿಲ್ಲ. ಪ್ರತಿ ಬಾಗಿಲಲ್ಲೂ ಅವಳು ಅದೇ ಮಾತು ಹೇಳಬೇಕಾಯಿತು: ನಿಮ್ಮ ಗಾದಿ ಗೋಡೆಗೆ ಹಾಕಿದ್ದಾರೆ, ಹೊಲಿದವಳು ನಾನೇ. ಮೀನು ಮಾರುವವಳು ಚಾಕು ಹಿಡಿದ ಕೈ ಹಾಗೇ ನಿಲ್ಲಿಸಿ, “ನನ್ನ ಹೆರಿಗೆ ಆದಾಗ ನೀನೇ ಬಿಸಿನೀರು ಕಾಸಿದ್ದೆ” ಅಂದಳು. ಅಷ್ಟೇ. ಅದಕ್ಕಿಂತ ಕೆನ್ನೆಗೆ ಎರಡು ಬಿಟ್ಟಿದ್ದರೆ ಚೆನ್ನಾಗಿತ್ತು. ಹತ್ತು ಮನೆಯವರು ಇಳಿಸು ಅಂದರು. ಸಾಣೆ ಹಿಡಿಯುವವನ ಹೆಂಡತಿ ಮಾತ್ರ ಜೋರಾಗಿ ನಕ್ಕಳು. “ನಂದು ಅಲ್ಲೇ ಇರಲಿ ಬಿಡೇ! ಆ ಗಾದಿ ಮೇಲೆ ಅವನು ನನಗೆ ಹೊಡೆದು ಬಂದ ರಕ್ತ. ನೋಡಲಿ. ಅವನ ಫೋಟೊ ಇದ್ರೆ ಅದನ್ನೂ ಪಕ್ಕದಲ್ಲಿ ಹಾಕು ಅನ್ನು.”

ಶನಿವಾರ ಮಧ್ಯಾಹ್ನ ಅವಳು ಗೋದಾಮಿಗೆ ಬಂದಾಗ ಹೊರಗೆ ಕಾರುಗಳು ನಿಂತಿದ್ದವು. ಒಳಗೆ ಒಂದು ಮೂವತ್ತು ನಲವತ್ತು ಜನ, ಒಳ್ಳೆಯ ಬಟ್ಟೆ, ಮೆಲುದನಿ. ಬಡಗಿ ಬಾಗಿಲ ಹತ್ತಿರ ಬೆಂಚಿನ ಮೇಲೆ ಕೂತಿದ್ದ. ಅವಳನ್ನು ಕಂಡು ಎದ್ದ.

“ನೀನು ಹೋದ ಮೇಲೆ ಉಳಿದದ್ದಕ್ಕೆ ನನ್ನ ಕೈಲಿ ಮೊಳೆ ಹೊಡೆಸಿದ್ರು. ನಿಮ್ಮಮ್ಮಂದಕ್ಕೂ. ಬೇಡ ಅನ್ನೋ ಧೈರ್ಯ ನನಗೆ ಬರಲಿಲ್ಲ, ಮಗಳೇ.”

“ಇಕ್ಕಳ ಇದೆಯಾ?” ಅಂದಳು.

ಅವನು ಕಿಸೆಯಿಂದ ತೆಗೆದು ಕೊಟ್ಟ.

ನಡುವಿನ ಗೋಡೆಯ ಮುಂದೆ ಜನ ಹೆಚ್ಚು. ಗವಸಿನ ಅಂಚಿಗೆ ಸಾಲಾಗಿ ಮೊಳೆ. ಕಲೆಯ ಮೂರು ಪದರಕ್ಕೂ ಮೂರು ನೀಲಿ ಗೆರೆ. ಪಕ್ಕದಲ್ಲಿ ಹಾಳೆ ಅಂಟಿಸಿದ್ದರು. ಕನ್ನಡಕದ ಒಬ್ಬ ಹಿರಿಯರು ಹೆಂಡತಿಗೆ ಓದಿ ಹೇಳುತ್ತಿದ್ದರು:

“‘ಇದು ನಕ್ಷೆ ಅಲ್ಲ, ನದಿನೂ ಅಲ್ಲ. ಉಚ್ಚೆ. ಕೆಮ್ಮಿ ಕೆಮ್ಮಿ ಹೋದ ಉಚ್ಚೆ. ಹೆತ್ತ ಮಗಳಿಗೂ ಗೊತ್ತಾಗದ ಹಾಗೆ ಒಂಬತ್ತು ಸಲ ಮುಚ್ಚಿಟ್ಟಿದ್ದಾಳೆ.’ ಒಬ್ಬ ಅನಾಮಿಕ ಗಾದಿ ಕೆಲಸಗಾರ್ತಿಯ ಮಾತು.”

ಅವಳದೇ ಮಾತು. ‘ಮೇಡಂ’ ಮತ್ತು ಕೊನೆಯ ಪ್ರಶ್ನೆ ಮಾತ್ರ ಬಿಟ್ಟಿದ್ದರು. ಸ್ಟೂಲಿನ ಮೇಲಿನ ಫೋನು ಈಗ ನೆನಪಾಯಿತು. ಕಲೆ ಕಂಡರೆ ಏನಿರಬಹುದೋ ಅನ್ನುತ್ತಿದ್ದ ಜನಕ್ಕೆ ಇಂಥದ್ದೇ ಅಂತ ಹೇಳಿಕೊಟ್ಟವಳು ಅವಳೇ. ಮೂವತ್ತು ವರ್ಷ ಅಮ್ಮನ ಬಾಯಿಂದ ಹೊರಗೆ ಬೀಳದ್ದು ಮಗಳ ಬಾಯಿಂದ ಒಂದು ಗಳಿಗೆಯಲ್ಲಿ ಬಿದ್ದು, ಅಚ್ಚಾಗಿ ಗೋಡೆಗೆ ಅಂಟಿತ್ತು.

ಅವಳು ಮೊದಲು ಹಾಳೆ ಕಿತ್ತಳು. ಮುದ್ದೆ ಮಾಡಿ ಬಾಯಿಗೆ ಹಾಕಿಕೊಂಡು ಅಗಿದು, ಉಗುಳದೆ ನುಂಗಿದಳು. ಗಂಟಲು ಗೀಚಿತು. ಕನ್ನಡಕದವರು ಎರಡು ಹೆಜ್ಜೆ ಹಿಂದೆ ಸರಿದರು. ಯಾರೋ ಚಪ್ಪಾಳೆ ತಟ್ಟಿದರು. ಇನ್ನಿಬ್ಬರು ಸೇರಿಕೊಂಡರು. ಫೋನುಗಳು ಮೇಲೆದ್ದವು.

“ತಟ್ಟಬೇಡಿ” ಅಂದಳು. “ಇದು ಆಟ ಅಲ್ಲ.”

ಕಾವಲಿನವನು ಓಡಿ ಬಂದು ಅವಳ ತೋಳು ಹಿಡಿದ. “ಅಕ್ಕ, ಬೇಡ. ನನ್ನ ಕೆಲಸ ಹೋಗುತ್ತೆ.”

“ನಂದು ಹೋಗಿ ನಾಲ್ಕು ದಿನ ಆಯ್ತು. ಏನೂ ಆಗಲ್ಲ. ಹಸಿವಾಗುತ್ತೆ, ಅಷ್ಟೇ. ಕೈ ಬಿಡು.”

ಅವನು ಕಲಾವಿದೆಯ ಕಡೆ ನೋಡಿದ. ಕಲಾವಿದೆ ಜನರ ನಡುವಿನಿಂದ ಬಂದರು. ಬಣ್ಣ ಇಳಿದ ಮುಖ, ಆದರೂ ಕೈಯಲ್ಲಿ ಫೋನು, ಫೋನು ಅವಳ ಕಡೆಗೆ. “ಬಿಡಿ ಅವರನ್ನ, ಯಾರೂ ಮುಟ್ಟಬೇಡಿ” ಅಂದರು. “ಅವರು ಏನು ಮಾಡಬೇಕೋ ಮಾಡಲಿ. ಮಾಡಿ, ನಾನು ತಡೆಯಲ್ಲ.”

ದಬ್ಬಳಕ್ಕ ಇಕ್ಕಳವನ್ನು ಮೊದಲ ಮೊಳೆಗೆ ಹಾಕಿ ನಿಂತಳು. ಬೆನ್ನ ಮೇಲೆ ನಲವತ್ತು ಜನರ ಕಣ್ಣು. ಇಳಿಸಿದರೆ ಇಳಿಸುವುದೂ ಫೋನಿನೊಳಗೆ ಹೋಗುತ್ತದೆ. ನಾಳೆ ಅದಕ್ಕೂ ಒಂದು ಗೋಡೆ ಸಿಗುತ್ತದೆ. ಅಮ್ಮನ ಗವಸು ಕೆಳಗಿಳಿಯುವ ಹೊತ್ತಿಗೆ ಇನ್ನೂ ನಲವತ್ತು ಕಡೆ ಮೇಲೇರಿರುತ್ತದೆ.

ಅವಳು ತಿರುಗಿದಳು.

“ಇದು ನಮ್ಮಮ್ಮನ ಹಾಸಿಗೆ. ಇದನ್ನ ಇಳಿಸ್ತೀನಿ. ಇಳಿಸೋವಾಗ ಯಾರೂ ನೋಡೋ ಹಾಗಿಲ್ಲ. ಎಲ್ಲರೂ ಆ ಕಡೆ ತಿರುಗಿ ನಿಲ್ಲಿ.”

ಯಾರೂ ಅಲುಗಲಿಲ್ಲ. ಒಬ್ಬ ಮೆಲ್ಲಗೆ ನಕ್ಕ.

“ನಿಮ್ಮಮ್ಮ ಬಟ್ಟೆ ಬದಲಾಯಿಸ್ತಾ ಇದ್ರೆ ನಿಂತು ನೋಡ್ತೀರಾ? ಫೋನು ಒಳಗಿಡಿ. ತಿರುಗಿ.”

ಕನ್ನಡಕದವರ ಹೆಂಡತಿ ಮೊದಲು ತಿರುಗಿದಳು. ತಿರುಗಿ ಗಂಡನ ತೋಳು ಹಿಡಿದು ಎಳೆದಳು. ಅವರೂ ತಿರುಗಿದರು. ಬಾಗಿಲ ಹತ್ತಿರ ಬಡಗಿ ಆಗಲೇ ಗೋಡೆಗೆ ಮುಖ ಮಾಡಿದ್ದ. ಕಾವಲಿನವನು ಟೋಪಿ ತೆಗೆದು ತಿರುಗಿದ. ಒಂದೊಂದಾಗಿ ಫೋನುಗಳು ಕೆಳಗಿಳಿದವು. ನಕ್ಕವನೂ ತಿರುಗಿದ. ಇಬ್ಬರು ಮೂವರು ಹೊರಗೇ ಹೋದರು.

ಕಲಾವಿದೆ ಒಬ್ಬರೇ ಉಳಿದರು.

“ನಾನು ನಿಮ್ಮ ಪರವಾಗಿಯೇ ಇದೀನಿ” ಅಂದರು. “ಇದು ದಾಖಲಾಗಬೇಕು. ಇಲ್ಲದಿದ್ರೆ ನಾಳೆ ಯಾರಿಗೂ ಗೊತ್ತೇ ಆಗಲ್ಲ, ನೀವು ಹೀಗೆ ನಿಂತಿರಿ ಅಂತ.”

“ಗೊತ್ತಾಗೋದು ಬೇಡ.”

“ದಯವಿಟ್ಟು.”

“ತಿರುಗಿ ಮೇಡಂ.”

ದಬ್ಬಳಕ್ಕ ಇಕ್ಕಳ ಹಿಡಿದು ನಿಂತೇ ಇದ್ದಳು. ಮೊಳೆ ಕೀಳಲಿಲ್ಲ. ಬೆವರು ಕಿವಿಯ ಹಿಂದಿನಿಂದ ಇಳಿಯಿತು. ತಿರುಗಿ ನಿಂತ ಜನ ಕಾಲು ಬದಲಿಸಿದರು. ಕಲಾವಿದೆಯ ಫೋನು ಸ್ವಲ್ಪ ಕೆಳಗಿಳಿಯಿತು, ಮತ್ತೆ ಮೇಲೆದ್ದಿತು. ಆಮೇಲೆ ಅವರು ಅದನ್ನು ಕಿಸೆಗೆ ಹಾಕಿದರು. ತಿರುಗಿದರು. ಅವರ ಭುಜ ಕುಗ್ಗಿತ್ತು.

ದಬ್ಬಳಕ್ಕ ಮೊಳೆ ಕೀಳತೊಡಗಿದಳು. ಒಂದೊಂದು ಮೊಳೆಯೂ ಕಿರ್ ಅಂದು ನೆಲಕ್ಕೆ ಬಿತ್ತು. ಬಟ್ಟೆ ಹರಿಯದ ಹಾಗೆ ಒಂದು ಕೈ ಅಡಿಗೆ ಕೊಟ್ಟು ಗವಸನ್ನು ಇಳಿಸಿದಳು. ಕಲೆ ಒಳಗಾಗುವಂತೆ ಎರಡು ಮಡಿಕೆ, ನಾಲ್ಕು ಮಡಿಕೆ, ಎಂಟು ಮಡಿಕೆ ಹಾಕಿದಳು. ಎದೆಗೆ ಒತ್ತಿಕೊಳ್ಳಲಿಲ್ಲ. ಚೀಲಕ್ಕೆ ಹಾಕಿದಳು. ಬ್ಲೇಡು ತೆಗೆದು ಪಕ್ಕದ ಚೌಕಟ್ಟಿನ ಮುಂದೆ ಹೋಗಿ ನಿಂತಳು. ಹಸಿರು ತೇಪೆಯದು. ಇದಕ್ಕೆ ಅವಳೇ ಹಾಕಿದ ಹೊಲಿಗೆ, ಗಟ್ಟಿ ಹೊಲಿಗೆ.

ಸಾಲಿನ ಹಿಂದಿನಿಂದ ಯಾರೋ ಕೇಳಿದರು, “ಆಯ್ತಾ? ತಿರುಗಬಹುದಾ?”

“ಇಲ್ಲ” ಅಂದಳು ದಬ್ಬಳಕ್ಕ. “ಇನ್ನೂ ಹದಿನೇಳು ಇವೆ.”